ಆದಿ ಎಂಬ ಎರಡಕ್ಷರ

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ – ಈ ನಾಲ್ಕು ತಾಲ್ಲೂಕುಗಳಲ್ಲಿ ಯಾವ ದಿಕ್ಕಿಗೆ ಹೊರಟರೂ, ಊರು ಮುಗಿಯುವ ಕಡೆ ‘ಎ.ಕೆ. ಕಾಲೊನಿ’ ಎಂಬ ಹೆಸರು ಕಿವಿಗೆ ಬೀಳುತ್ತದೆ. ಎ.ಕೆ. ಎಂದರೆ ಆದಿ ಕರ್ನಾಟಕ. ಬಳಸಿ ಬಳಸಿ ಸವೆದ ಹೆಸರಾದ್ದರಿಂದ ಅದರ ಅರ್ಥದ ಕಡೆಗೆ ನಮ್ಮ ಗಮನ ಹೋಗುವುದಿಲ್ಲ. 1920ರ ದಶಕದಲ್ಲಿ ಮೈಸೂರು ಸರ್ಕಾರ ‘ಪಂಚಮ’ ಎಂಬ ಹಳೆಯ ಮಾತನ್ನು ಬಿಟ್ಟು ಈ ಹೆಸರನ್ನು ಬಳಕೆಗೆ ತಂದಿತು. ಪಂಚಮ ಎಂದರೆ ಐದನೆಯವನು, ನಾಲ್ಕರ ಲೆಕ್ಕ ಮುಗಿದ ಮೇಲೆ ಉಳಿದವನು. ಆದಿ ಎಂದರೆ ಮೊದಲಿಗ. ಹೀಗೆ ಸರ್ಕಾರದ ಕಡತದಲ್ಲಿ ಕಡೆಯವನು ಮೊದಲಿಗನಾದ; ಅವನ ಮನೆ ಮಾತ್ರ ಇದ್ದಲ್ಲಿಯೇ ಇತ್ತು. ಮನೆಯ ಯಜಮಾನನನ್ನು ಜಗುಲಿಯ ಮೇಲೆ ಕೂರಿಸಿ, ‘ಮನೆ ತಮ್ಮದೇ’ ಎಂದು ಉಪಚಾರ ಹೇಳಿ, ಒಳಗೆ ಹೋಗಿ ಅಗುಳಿ ಹಾಕಿಕೊಂಡರೆ ಹೇಗೋ ಹಾಗೆ.

ಈ ಉಪಚಾರ ಸರ್ಕಾರವೇ ಹುಟ್ಟಿಸಿದ್ದಲ್ಲ, ಹಳ್ಳಿಗಳಿಗೆ ಅದು ಮೊದಲೇ ಗೊತ್ತಿತ್ತು. ಮೈಸೂರು ಕಮಿಷನ್ನಿನ ಅಧಿಕಾರಿ ಕ್ಯಾಪ್ಟನ್ ಮೆಕೆಂಝಿ 1873ರ ‘ಇಂಡಿಯನ್ ಆಂಟಿಕ್ವರಿ’ ಪತ್ರಿಕೆಯಲ್ಲಿ ನಮ್ಮ ಸೀಮೆಯ ಕುಳವಾಡಿಯ ವಿಷಯ ಬರೆದಿದ್ದಾನೆ. ಕುಳವಾಡಿ ಹೊಲಗೇರಿಯವನು. ಎರಡು ಊರುಗಳಿಗೆ ಎಲ್ಲೆಯ ತಕರಾರು ಬಂದರೆ ತೀರ್ಮಾನ ಹೇಳತಕ್ಕವನು ಅವನೇ. ಊರ ಮಣ್ಣಿನ ಉಂಡೆಯನ್ನು ತಲೆಯ ಮೇಲಿಟ್ಟುಕೊಂಡು ಅವನು ಎಲ್ಲೆಯ ಗುಂಟ ನಡೆಯಬೇಕು. ಸರಿಯಾದ ದಾರಿಯಲ್ಲಿ ನಡೆದರೆ ಕ್ಷೇಮ. ತಪ್ಪಿದರೆ ಉಂಡೆ ತಾನಾಗಿ ಒಡೆಯುತ್ತದೆ, ಅವನು ಹದಿನೈದು ದಿನಗಳೊಳಗೆ ಸಾಯುತ್ತಾನೆ, ಅವನ ಮನೆ ಹಾಳಾಗುತ್ತದೆ ಎಂದು ನಂಬಿಕೆ. ಇನ್ನೊಂದು ಉಪಾಯವೂ ಇತ್ತಂತೆ: ಎಲ್ಲೆಯೊಳಗೆ ಸತ್ತ ದನದ ಚರ್ಮ ಯಾವ ಊರಿನ ಕುಳವಾಡಿಗೆ ಸಲ್ಲುತ್ತಿತ್ತೋ ನೆಲವೂ ಆ ಊರಿನದೇ. ಇದರ ಮೇಲೆ ಗೌಡನೂ ಶಾನುಭೋಗನೂ ಮಾತನಾಡುವಂತಿರಲಿಲ್ಲ. ಇದನ್ನೆಲ್ಲ ಕಂಡ ಮೆಕೆಂಝಿ, ಹೊಲೆಯರೇ ಈ ನೆಲದ ಮೂಲ ಒಡೆಯರಾಗಿದ್ದಿರಬೇಕೆಂದು ಊಹಿಸಿದ. ‘ಹೊಲ’ ಎಂಬ ಪದದಿಂದಲೇ ಆ ಜಾತಿಯ ಹೆಸರು ಬಂದಿತೆಂದು ಹೇಳುವವರೂ ಉಂಟು.

ಆ ಊಹೆಯನ್ನು ಇಡಿಯಾಗಿ ನುಂಗುವುದು ಬೇಡ. ಯಾವ ಜನಾಂಗ ಮೊದಲು ಬಂತು, ಯಾವುದು ಅದನ್ನು ಸೋಲಿಸಿತು ಎಂದು ತಲೆಬುರುಡೆ ಅಳೆದು ಹೇಳುವ ಚಟ ಹತ್ತೊಂಬತ್ತನೆಯ ಶತಮಾನದ ಇಂಗ್ಲಿಷರಿಗೆ ವಿಪರೀತವಾಗಿತ್ತು. ತಮಗಿಂತ ಮುಂಚೆಯೂ ಇಲ್ಲಿ ದಂಡೆತ್ತಿ ಬಂದು ನೆಲ ಹಿಡಿದವರಿದ್ದರೆಂದು ತೋರಿಸಿದರೆ ಅವರ ಮನಸ್ಸಿಗೂ ಒಂದಿಷ್ಟು ಹಗುರ. ನಮಗೆ ಆ ವಂಶಾವಳಿಯ ಅಗತ್ಯವಿಲ್ಲ. ಊರ ಎಲ್ಲೆಯನ್ನೆಲ್ಲ ಬಲ್ಲವನಿಗೆ ಆ ಎಲ್ಲೆಯೊಳಗೆ ಸ್ವಂತಕ್ಕೆಂದು ಇದ್ದದ್ದು ಅತ್ಯಲ್ಪ. ಇದು ಯಾರೂ ಅಲ್ಲಗಳೆಯದ ಸಂಗತಿ, ಇಷ್ಟೇ ಸಾಕು. ಪ್ರಶ್ನೆ ಹುಟ್ಟುವುದೂ ಇಲ್ಲಿಯೇ. ‘ನೀನು ಮೊದಲಿಗ’ ಎಂದು ಒಪ್ಪಿಕೊಂಡವನ ಮೇಲೆ ಆ ಒಪ್ಪಿಗೆಯಿಂದ ಏನಾದರೂ ಹೊಣೆ ಬೀಳುತ್ತದೆಯೆ? ಬೀಳುವುದಾದರೆ ಎಷ್ಟು ಕಾಲದವರೆಗೆ?

ವಲಸೆ ಹೋದ ಬಿಳಿಯರು ನೆಲೆನಿಂತು ಕಟ್ಟಿದ ರಾಜ್ಯಗಳು ಈ ಪ್ರಶ್ನೆಯನ್ನು ನಮಗಿಂತ ಬಾಯಿಬಿಟ್ಟು ಚರ್ಚಿಸಿವೆ. ಇಂಗ್ಲಿಷರು 1788ರಲ್ಲಿ ಆಸ್ಟ್ರೇಲಿಯದಲ್ಲಿ ಬೀಡುಬಿಟ್ಟಾಗ ಆ ಖಂಡದ ತುಂಬ ಜನರಿದ್ದರು. ಆದರೂ ಅದು ಯಾರಿಗೂ ಸೇರದ ನೆಲವೆಂದೇ ಕಾನೂನು ಎಣಿಸಿತು. ಆ ಸುಳ್ಳನ್ನು ಅಲ್ಲಿಯ ಶ್ರೇಷ್ಠ ನ್ಯಾಯಾಲಯ ತಳ್ಳಿಹಾಕಿದ್ದು 1992ರಲ್ಲಿ, ಎಡ್ಡಿ ಮಾಬೊ ಎಂಬ ದ್ವೀಪವಾಸಿ ಹೂಡಿದ ಮೊಕದ್ದಮೆಯಲ್ಲಿ; ತೀರ್ಪು ಕೇಳಲು ಅವನು ಬದುಕಿರಲಿಲ್ಲ. ಆದರೆ ಅದೇ ತೀರ್ಪು, ಪೂರ್ಣ ಒಡೆತನದ ಪತ್ರ ಕೊಟ್ಟಿರುವ ಕಡೆ ಮೂಲನಿವಾಸಿಗಳ ಹಕ್ಕು ಅಳಿದುಹೋಗಿದೆ ಎಂದೂ ಹೇಳಿತು. ಈಗ ಅಲ್ಲಿ ಸಭೆ ಸಮಾರಂಭಗಳ ಆರಂಭದಲ್ಲಿ, ಈ ನೆಲದ ಪರಂಪರೆಯ ಒಡೆಯರು ಇಂಥವರೆಂದು ಸ್ಮರಿಸುವ ವಾಡಿಕೆ ಬಂದಿದೆ. ಸ್ಮರಣೆ ಮುಗಿದ ಮೇಲೆ ಕಾರ್ಯಕ್ರಮ ಮುಂದುವರಿಯುತ್ತದೆ. ಮೂಲನಿವಾಸಿಗಳಿಗೆ ಪಾರ್ಲಿಮೆಂಟಿನ ಎದುರು ಮಾತನಾಡುವ ಒಂದು ಮಂಡಲಿ ಇರಲಿ ಎಂಬ ಸೂಚನೆಯನ್ನು ಮತದಾರರು 2023ರ ಅಕ್ಟೋಬರ್‌ನಲ್ಲಿ ತಿರಸ್ಕರಿಸಿದರು. ಮಣ್ಣಿನ ಉಂಡೆಯನ್ನು ಅವನ ತಲೆಯ ಮೇಲಿಟ್ಟು ಗೌರವಿಸಿ, ಇಳಿಸಿದ ಮೇಲೆ ಕೇರಿಗೆ ಕಳಿಸುತ್ತಿದ್ದ ನಮಗೆ ಇದು ಅಪರಿಚಿತವೇನಲ್ಲ.

‘ಬಿಳಿಯರ ಸಮಾಚಾರ ಬೇರೆ, ನಮ್ಮದು ಬೇರೆ, ಇಲ್ಲಿ ಎಲ್ಲರ ಬಣ್ಣವೂ ಒಂದೇ’ ಎನ್ನುವವರಿದ್ದಾರೆ. ಅವರು ಒಮ್ಮೆ ನಮ್ಮ ಜಿಲ್ಲೆಯ ಮಂಜರಾಬಾದಿನ ಕಡೆ ನೋಡಬೇಕು. 1843ರಲ್ಲಿ ಗ್ರೀನ್ ಎಂಬ ಇಂಗ್ಲಿಷಿನವನು ಅಲ್ಲಿ ಕಾಫಿ ತೋಟ ಹಾಕಿದ. ಹಿಂದೆಯೇ ಇನ್ನಷ್ಟು ಮಂದಿ ಬಂದರು. ಅವರಲ್ಲೊಬ್ಬನಾದ ರಾಬರ್ಟ್ ಎಲಿಯಟ್ 1871ರಲ್ಲಿ ತನ್ನ ಅನುಭವಗಳನ್ನು ಎರಡು ಸಂಪುಟಗಳಲ್ಲಿ ಅಚ್ಚುಹಾಕಿಸಿದ. ಅದರಲ್ಲಿ ಆತ ಜಾತಿಯನ್ನು ಖಂಡಿಸಿರಬೇಕೆಂದು ತಾನೆ ನಾವು ನಿರೀಕ್ಷಿಸುವುದು? ಇಲ್ಲ. ಪಾದ್ರಿಗಳು ಜಾತಿಯನ್ನು ಹಳಿಯುತ್ತಿದ್ದ ಕಾಲದಲ್ಲಿ, ಹಳ್ಳಿಯ ಜನರ ನಡತೆಯನ್ನು ಕಾಪಾಡುವ ಕಟ್ಟು ಅದು ಎಂದು ವಕಾಲತ್ತು ವಹಿಸಿದ! ತೋಟದ ದೊರೆಗೆ ಆಳು ಬೇಕಿತ್ತು. ಆಳಾಗಿಯೇ ಹುಟ್ಟಿದವರನ್ನು ನಮ್ಮ ಸಮಾಜ ಮೊದಲೇ ಅಣಿಮಾಡಿ ಇಟ್ಟಿತ್ತು. ಬಣ್ಣದ ಗೆರೆ ಎಳೆಯುವ ತೊಂದರೆಯನ್ನೇ ನಾವು ಅವನಿಗೆ ಕೊಡಲಿಲ್ಲ. ದೊರೆಗಳು ಹೋದರು, ತೋಟಗಳು ನಮ್ಮವರ ಕೈಗೆ ಬಂದವು. ಕೂಲಿಯವರ ಲೈನ್ ಮನೆಗಳು ಉಳಿದವು. ದಕ್ಷಿಣ ಆಫ್ರಿಕದ ವರ್ಣದ್ವೇಷವನ್ನು 1946ರಲ್ಲಿ ವಿಶ್ವಸಂಸ್ಥೆಯ ಮುಂದಿಟ್ಟ ದೇಶ ನಮ್ಮದು. ಅದು ಹೆಮ್ಮೆಯ ಸಂಗತಿಯೇ; ಅಲ್ಲಿ ಆಡಿದ ಮಾತು ಇಲ್ಲಿಗೂ ಅನ್ವಯಿಸುತ್ತದೆ, ಅಷ್ಟೆ.

ನೆಲ ಹಿಡಿದವನು ಎಲ್ಲ ಕಡೆಯೂ ಹೇಳುವ ಮಾತೊಂದಿದೆ: ‘ಬೀಳು ಬಿದ್ದಿತ್ತು, ನಾನು ಬೆವರು ಸುರಿಸಿ ಹಸನು ಮಾಡಿದೆ, ಆದ್ದರಿಂದ ನನ್ನದು.’ ಜಾನ್ ಲಾಕ್ ಎಂಬ ತತ್ತ್ವಜ್ಞಾನಿ ಹದಿನೇಳನೆಯ ಶತಮಾನದಲ್ಲಿಯೇ ಅಮೆರಿಕವನ್ನು ಕಣ್ಣಮುಂದಿಟ್ಟುಕೊಂಡು ಈ ವಾದವನ್ನು ಬೆಳೆಸಿದ. ಮಾತಿನಲ್ಲಿ ಸತ್ಯವಿಲ್ಲದಿಲ್ಲ. ಆದರೆ ಬೆವರು ಯಾರದು ಎಂಬುದನ್ನು ವಿಚಾರಿಸದೆ ಅದನ್ನು ಒಪ್ಪಲಾಗದು. 1974ರ ಭೂಸುಧಾರಣೆ ‘ಉಳುವವನೇ ಹೊಲದೊಡೆಯ’ ಎಂದು ಸಾರಿದಾಗ ಎಷ್ಟೋ ಗೇಣಿದಾರರಿಗೆ ಭೂಮಿ ಸಿಕ್ಕಿತು. ಅದು ಸಣ್ಣ ಕೆಲಸವಲ್ಲ. ಜೀತಕ್ಕಿದ್ದು ಉತ್ತವನಿಗೆ ಮಾತ್ರ ಗೇಣಿಯೂ ಇರಲಿಲ್ಲ, ಚೀಟಿಯೂ ಇರಲಿಲ್ಲ. ನೇಗಿಲ ಮೇಣಿ ಅವನ ಕೈಯಲ್ಲಿತ್ತು, ‘ಉಳುವವನು’ ಎಂಬ ಹೆಸರು ಇನ್ನೊಬ್ಬನ ಹೆಸರಿನಲ್ಲಿ ದಾಖಲಾಗಿತ್ತು.

ಅವನ ಕೈಗೆ ಬಂದ ತುಂಡು ನೆಲ ಬಹುಮಟ್ಟಿಗೆ ಸರ್ಕಾರ ಮಂಜೂರು ಮಾಡಿದ್ದು. ಪರಭಾರೆ ಮಾಡಕೂಡದೆಂಬ ಷರತ್ತಿನೊಡನೆ ಸಾಗುವಳಿ ಚೀಟಿ ಕೊಟ್ಟದ್ದು. ಷರತ್ತು ಕಾಗದದಲ್ಲಿ ಉಳಿಯಿತು. ಮಗಳ ಮದುವೆಗೋ, ರೋಗಕ್ಕೋ, ಸಾಲಕ್ಕೋ ನೆಲ ಕೈಬಿಟ್ಟಿತು. ಹೀಗೆ ಹೋದದ್ದನ್ನು ಮರಳಿಸಲೆಂದು 1978ರಲ್ಲಿ ಕರ್ನಾಟಕ ಶಾಸನ ಮಾಡಿತು; ಅಂಥ ಕ್ರಯ ಅಸಿಂಧು, ಭೂಮಿ ಮೂಲ ಮಂಜೂರುದಾರನಿಗೆ ಇಲ್ಲವೆ ವಾರಸುದಾರರಿಗೆ ವಾಪಸು. ಸುಪ್ರೀಂ ಕೋರ್ಟು 1984ರಲ್ಲಿ ಈ ಶಾಸನವನ್ನು ಎತ್ತಿಹಿಡಿಯಿತು. 2017ರಲ್ಲಿ, ಅರ್ಜಿಯನ್ನು ಯುಕ್ತ ಕಾಲದೊಳಗೆ ಹಾಕಬೇಕು ಎಂದಿತು. 2023ರಲ್ಲಿ ವಿಧಾನಮಂಡಲ ತಿದ್ದುಪಡಿ ತಂದು, ಕಾಲದ ಮಿತಿ ಇಲ್ಲವೆಂದಿತು.

ಕಾಲದ ಮಾತು ಬಂದಾಗ ನಮ್ಮೊಳಗಿನ ಸಭ್ಯನಿಗೂ ಕಸಿವಿಸಿಯಾಗುತ್ತದೆ. ‘ನಲವತ್ತು ವರ್ಷದ ಹಿಂದಿನದನ್ನು ಈಗ ಕೆದಕುವುದೇ?’ ಎನ್ನುತ್ತೇವೆ. ನಮ್ಮ ಅಜ್ಜನ ಆಸ್ತಿಯ ಪಾಲಿಗೆ ದಾಯಾದಿಗಳ ಮೇಲೆ ದಾವೆ ಹೂಡುವಾಗ ಈ ಪ್ರಶ್ನೆ ನೆನಪಾಗುವುದಿಲ್ಲ. ಕಾಲ ಸುಮ್ಮನೆ ಕಳೆಯುವುದಿಲ್ಲ. ಒಬ್ಬನಿಗೆ ಬೆಳೆ ಕೊಡುತ್ತ, ಇನ್ನೊಬ್ಬನಿಗೆ ಕೂಲಿ ಕೊಡುತ್ತ ಕಳೆಯುತ್ತದೆ. ಅರ್ಜಿ ತಡವಾಯಿತು ಎಂದರೆ, ಅರ್ಜಿ ಬರೆಯಲು ಬಾರದವನ ಮೊಮ್ಮಗ ಓದು ಕಲಿಯಲು ಅಷ್ಟು ಕಾಲ ಹಿಡಿಯಿತು ಎಂದೂ ಅರ್ಥ.

ಆದರೆ ಎದುರು ಪಕ್ಷವನ್ನೂ ಕೇಳಬೇಕು. ಹೊಳೆನರಸೀಪುರದ ಕಡೆಯ ಒಬ್ಬ ಸಣ್ಣ ರೈತನನ್ನು ಊಹಿಸಿಕೊಳ್ಳೋಣ. ಅವನ ತಂದೆ ನಾಲ್ಕು ಕಾಸು ಕೂಡಿಟ್ಟು ಎರಡು ಎಕರೆ ಕೊಂಡ. ಕ್ರಯಪತ್ರವಿದೆ, ಖಾತೆಯಾಗಿದೆ, ಕಂದಾಯ ಕಟ್ಟಿದ್ದಾನೆ, ಬಾವಿ ತೋಡಿದ್ದಾನೆ, ತೆಂಗು ಫಲಕ್ಕೆ ಬಂದಿದೆ. ಕಾನೂನು ಅವನಿಗೆ ಬಿಡಿಕಾಸಿನ ಪರಿಹಾರವನ್ನೂ ಹೇಳುವುದಿಲ್ಲ. ಅವನನ್ನು ಆಸ್ಟ್ರೇಲಿಯದ ದಂಡಿನ ಸಾಲಿಗೆ ಸೇರಿಸಲು ನನ್ನ ಮನಸ್ಸು ಒಪ್ಪದು. ಉಪವಿಭಾಗಾಧಿಕಾರಿಗಳ ಕಚೇರಿಯ ಬೆಂಚಿನ ಮೇಲೆ ಅವನೂ ವಾರಸುದಾರನೂ ಒಂದೇ ಸರ್ವೆ ನಂಬರಿನ ಪಹಣಿ ಹಿಡಿದು ಕೂತಿದ್ದರೆ, ಇಬ್ಬರ ಕಷ್ಟವೂ ನಿಜ. ಆದರೂ ನೆಲ ವಾರಸುದಾರನಿಗೇ ಹೋಗಬೇಕೆನ್ನುತ್ತೇನೆ. ಮಾರುವ ಅಧಿಕಾರವನ್ನೇ ಕಾನೂನು ಕೊಡದಿದ್ದ ಕಡೆ, ಕೊಂಡವನ ಪ್ರಾಮಾಣಿಕತೆ ಅವನಿಗೆ ಹಣದ ಹಕ್ಕು ಕೊಟ್ಟೀತು, ನೆಲದ ಹಕ್ಕು ಕೊಡದು.

ಆ ಹಣ ಯಾರು ಕೊಡಬೇಕು? ನ್ಯೂಜಿಲೆಂಡ್ ಈ ಗಂಟನ್ನು ಬೇರೊಂದು ರೀತಿಯಲ್ಲಿ ಬಿಡಿಸಲು ನೋಡಿದೆ. ಮಾವೋರಿಗಳೊಡನೆ 1840ರಲ್ಲಿ ಆದ ಒಪ್ಪಂದದ ಉಲ್ಲಂಘನೆಗಳನ್ನು ವಿಚಾರಿಸಲು 1975ರಲ್ಲಿ ಒಂದು ನ್ಯಾಯಮಂಡಳಿ ಏರ್ಪಟ್ಟಿತು. ಮೊದಲು ಆ ವರ್ಷದ ಈಚಿನ ದೂರುಗಳಿಗೆ ಮಾತ್ರ ಅವಕಾಶವಿತ್ತು, 1985ರಲ್ಲಿ 1840ರವರೆಗೂ ಬಾಗಿಲು ತೆರೆದರು. ಖಾಸಗಿಯವರ ಭೂಮಿಯನ್ನು ಬಿಡಿಸಿಕೊಡಲು ಶಿಫಾರಸು ಮಾಡಕೂಡದೆಂದು 1993ರಲ್ಲಿ ಕಟ್ಟುಮಾಡಿ, ತಪ್ಪಿನ ಬೆಲೆಯನ್ನು ಸರ್ಕಾರವೇ ತನ್ನ ಭೂಮಿ, ತನ್ನ ಹಣದಿಂದ ತೆರುವಂತೆ ಮಾಡಿದರು. ನೆಲವನ್ನು ಬಿಟ್ಟುಕೊಡದ ಅವರ ನ್ಯಾಯದಲ್ಲಿ ಅರ್ಧ ಕೊರತೆಯಿದೆ. ಕೊಂಡವನನ್ನು ಬರಿಗೈಯಲ್ಲಿ ಕಳಿಸುವ ನಮ್ಮದರಲ್ಲಿ ಉಳಿದರ್ಧ. ಮಂಜೂರಾದ ಭೂಮಿ ಹಿಂದಿರುಗಲಿ, ಕಷ್ಟಪಟ್ಟು ಕೊಂಡ ಸಣ್ಣ ರೈತನಿಗೆ ಬೊಕ್ಕಸದಿಂದ ಹಣ ಸಲ್ಲಲಿ. ಬೊಕ್ಕಸದ ಮೇಲೆ ಏಕೆ ಹೊರೆ ಎಂದು ಯಾರಾದರೂ ಕೇಳಿದರೆ ತಾಲ್ಲೂಕು ಕಚೇರಿಯ ಪಕ್ಕದ ಸಬ್‌ರಿಜಿಸ್ಟ್ರಾರ್ ಕಚೇರಿಗೆ ಹೋಗಿ ಹಳೆಯ ಪುಸ್ತಕಗಳನ್ನು ತೆಗೆಸಬಹುದು. ನೋಂದಣಿಯಾದ ಒಂದೊಂದು ಅಸಿಂಧು ಕ್ರಯದ ಎದುರಿಗೂ ತಾರೀಖು, ಸಾಕ್ಷಿಗಳ ಸಹಿ, ಅಧಿಕಾರಿಯ ಮೊಹರು, ಸರ್ಕಾರ ಪಡೆದುಕೊಂಡ ಶುಲ್ಕ ಎಲ್ಲವೂ ನಮೂದಾಗಿವೆ.