ಮೂರಕ್ಷರದ ಜಾಗ

ತಾಂಡಾದ ಮಗುವೊಂದು ಶಾಲೆಗೆ ಸೇರಲು ಬರುತ್ತದೆ. ಮೇಷ್ಟ್ರು ದಾಖಲಾತಿ ಪುಸ್ತಕ ತೆಗೆಯುತ್ತಾರೆ. ಹೆಸರು ಕೇಳುತ್ತಾರೆ, ಜಾತಿ ಕೇಳುತ್ತಾರೆ. 'ಮಾತೃಭಾಷೆ' ಅನ್ನೋ ಕಲಂ ಬಂದಾಗ ಮಾತ್ರ ಕೇಳುವುದಿಲ್ಲ. 'ಕನ್ನಡ' ಅಂತ ತಾವೇ ಬರೆದುಬಿಡುತ್ತಾರೆ. ಪಕ್ಕದಲ್ಲೇ ತಾಯಿ ಅಳುವ ಮಗುವನ್ನು ಲಂಬಾಣಿಯಲ್ಲಿ ಸಮಾಧಾನ ಮಾಡುತ್ತಿರುತ್ತಾಳೆ. ಜಾತಿಯನ್ನು ಮರೆಯದೆ ಕೇಳುವ ಪುಸ್ತಕ ಮಾತನ್ನು ಯಾಕೆ ಕೇಳುವುದಿಲ್ಲ?

ಈ ಪ್ರಶ್ನೆ ಕಂಪ್ಯೂಟರಿನೊಳಗೂ ಇದೆ. ಯಂತ್ರಕ್ಕೆ ಭಾಷೆ ಗೊತ್ತಿಲ್ಲ, ಅದರ ಸಂಕೇತ ಗೊತ್ತು. ಕನ್ನಡಕ್ಕೆ 'ಕೆ ಎನ್'. ಬರಹಕ್ಕೆ ಈ ಗುರುತು ಅಂಟಿಸಿದರೆ ಯಾವ ಭಾಷೆಯ ಕಾಗುಣಿತ ತಿದ್ದಬೇಕು, ಯಾವ ದನಿಯಲ್ಲಿ ಓದಿ ಹೇಳಬೇಕು ಎಂಬುದು ಅದಕ್ಕೆ ತಿಳಿಯುತ್ತದೆ. ಗುರುತಿಲ್ಲದ ಮಾತನ್ನು ಇನ್ನೊಂದು ಭಾಷೆಯ ತಪ್ಪು ಅಂತಲೇ ತಿದ್ದಲು ಹೊರಡುತ್ತದೆ.

ಈ ಗುರುತುಗಳನ್ನು ಹಂಚಿದ್ದು ಐಎಸ್‌ಒ ಎಂಬ ಅಂತಾರಾಷ್ಟ್ರೀಯ ಸಂಸ್ಥೆ. 1988ರ ಪಟ್ಟಿ ಎರಡಕ್ಷರದ್ದು. ಇಂಗ್ಲಿಷಿನ 26 ಅಕ್ಷರಗಳನ್ನು ಎರಡೆರಡು ಜೋಡಿಸಿದರೆ ಹೆಚ್ಚೆಂದರೆ 676 ಮನೆ. 1998ರ ಮೂರಕ್ಷರದ ಪಟ್ಟಿಯಲ್ಲಿ ಜಾಗ ಬೇಕಾದಷ್ಟಿತ್ತು. ಆದರೆ ಬಾಗಿಲಲ್ಲೊಂದು ಷರತ್ತು: ಆ ಭಾಷೆಯ 50 ಬರಹಗಳಾದರೂ ಸಂಗ್ರಹಗಳಲ್ಲಿ ಇರಬೇಕು. ಅಕ್ಷರ ಮುಟ್ಟಬೇಡ ಅಂತ ತಲೆಮಾರುಗಟ್ಟಲೆ ದೂರವಿಟ್ಟವರನ್ನು, ನಿನ್ನ ಪುಸ್ತಕ ತೋರಿಸು ಅಂದ ಹಾಗಾಯಿತು. ಲಂಬಾಣಿಗೆ, ತುಳುವಿಗೆ ಅಲ್ಲಿ ಸ್ವಂತ ಮನೆ ಸಿಗಲಿಲ್ಲ. 'ಇತರೆ' ಎಂಬ ಗುಂಪೇ ಗತಿ. 'ಇತರೆ' ನಮಗೆ ಹೊಸದಲ್ಲ. ಊರಾಚೆಯ ಕೇರಿಗೆ ಕಾಗದದಲ್ಲಿರುವ ಹೆಸರೇ ಅದು.

2007ರಲ್ಲಿ ಬಂದ ಪಟ್ಟಿ 7000ಕ್ಕೂ ಹೆಚ್ಚು ಭಾಷೆಗಳಿಗೆ ಗುರುತು ಕೊಟ್ಟಿತು. ಪುಸ್ತಕ ಬೇಡ, ಬಾಯಿ ಇದ್ದರೆ ಸಾಕು. ಲಂಬಾಣಿ 'ಎಲ್ ಎಂ ಎನ್' ಆಯಿತು, ನೀಲಗಿರಿಯ ಬಡಗ 'ಬಿ ಎಫ್ ಕ್ಯೂ' ಆಯಿತು. ಆದರೆ ನಮ್ಮ ಸರ್ಕಾರ? 2011ರ ಜನಗಣತಿಯಲ್ಲಿ 32 ಲಕ್ಷಕ್ಕೂ ಹೆಚ್ಚು ಜನ ತಮ್ಮ ಮಾತು ಲಮಾಣಿ, ಲಂಬಾಡಿ ಅಂತ ಬರೆಸಿದರು. ಅವರೆಲ್ಲ ಹಿಂದಿಯ ಲೆಕ್ಕಕ್ಕೆ ಹೋದರು. ಹಿಂದಿ ಹೇರಿಕೆ ಅಂತ ಕೂಗುವ ನಾವು ಇನ್ನೊಂದು ಪುಟವನ್ನೂ ಓದಬೇಕು. ಅದೇ ಗಣತಿಯಲ್ಲಿ ಬಡಗ ಕನ್ನಡದ ಲೆಕ್ಕದಲ್ಲಿದೆ. ಅದಕ್ಕೆ ನಾವು ಕೂಗಿದೆವೇ? ನುಂಗುವ ಬಾಯಿ ನಮ್ಮದಾದಾಗ ಅದು ಅನ್ಯಾಯ ಅನ್ನಿಸುವುದೇ ಇಲ್ಲ.

ಹಾಗಾದರೆ ಮೂರಕ್ಷರವೇ ಬಿಡುಗಡೆಯೇ? ಅಲ್ಲ. ಸಂಕೇತ ಸಿಕ್ಕ ಮಾತ್ರಕ್ಕೆ ಪಠ್ಯಪುಸ್ತಕ ಬರುವುದಿಲ್ಲ, ಮೇಷ್ಟ್ರು ಬರುವುದಿಲ್ಲ. ಯಾವ ಹೆಸರಿನಲ್ಲಿ ಗುರುತು ಅನ್ನೋದೂ ಪ್ರಶ್ನೆಯೇ. ಮಧ್ಯಪ್ರದೇಶದ ಕಡೆ ಆಡುವ, ಕನ್ನಡಕ್ಕೆ ಹತ್ತಿರದ ಮಾತೊಂದು ಆ ಪಟ್ಟಿಯಲ್ಲಿ 'ಹೊಲಿಯ' ಎಂದಿದೆ. ಜಾತಿಗೂ ಅದೇ ಹೆಸರು, ಭಾಷೆಗೂ ಅದೇ. ಅದು ಇರಲೋ ಹೋಗಲೋ ಅನ್ನುವುದನ್ನು ಹೇಳಬೇಕಾದವರು ಆ ಮಾತಾಡುವ ಜನ, ಬೇರೆ ಯಾರೂ ಅಲ್ಲ.

ಆದರೂ ಗುರುತು ಬೇಡ ಅನ್ನಲಾರೆವು. ಪಹಣಿಯಲ್ಲಿ ಹೆಸರಿಲ್ಲದ ಗೇಣಿದಾರ ತಾನು ಉತ್ತ ನೆಲವನ್ನೇ ಕಳೆದುಕೊಂಡದ್ದನ್ನು ನಾವು ಕಂಡಿದ್ದೇವೆ. ಲೆಕ್ಕಕ್ಕೆ ಬಾರದವನು ಪಾಲು ಕೇಳಲಾರ. ಹೆಸರು ಬಂದ ಮೇಲೆ ನೀರಿಗೆ, ಗೊಬ್ಬರಕ್ಕೆ ಹೋರಾಟ ಇದ್ದೇ ಇದೆ.

ಮೇಷ್ಟ್ರೇ, ಶಾಲೆ ಶುರುವಾಗಿ ಮತ್ತೆ ಆ ಕಲಂ ಬಂದಾಗ ಒಂದು ಗಳಿಗೆ ಪೆನ್ನು ನಿಲ್ಲಿಸಿ. 'ಏನವ್ವಾ, ಮನೇಲಿ ಯಾವ ಮಾತಾಡ್ತೀರಿ?' ಅಂತ ಕೇಳಿ. ಆಕೆ ಹೇಳಿದ್ದನ್ನೇ ಬರಕೊಳ್ಳಿ.