ಪಕ್ಕದಲ್ಲಿ ನಿಂತವರ ಮಾತು

ಸಿನಿಮಾದಲ್ಲಿ ನಾಯಕ, ನಾಯಕಿ, ಖಳನಾಯಕ ಮೂವರನ್ನು ಬಿಟ್ಟರೆ ಉಳಿದವರೆಲ್ಲ ಪೋಷಕ ಕಲಾವಿದರು. ಎಷ್ಟು ಚೆಂದದ ಮಾತು! ಪೋಷಿಸುವುದೆಂದರೆ ಸಾಕಿ ಸಲಹುವುದು. ಆದರೆ ಪೋಸ್ಟರಿನಲ್ಲಿ ಸಲಹಿದವರ ಮುಖಕ್ಕೆ ಸಿಗುವುದು ಒಂದು ಮೂಲೆ, ಅದೂ ಜಾಗ ಉಳಿದರೆ.

ಹೀಗೆ ಮೂಲೆಯಲ್ಲಿದ್ದೇ ಮನೆಮಾತಾದವರು ಕೆ. ಎಸ್. ಅಶ್ವಥ್. 1925ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಅವರು ಮೊದಲು ಬಂದದ್ದು ನಾಯಕನಾಗಿಯೇ, 1955ರ ‘ಸ್ತ್ರೀರತ್ನ’ದಲ್ಲಿ. ಆಮೇಲೆ ಅಪ್ಪ, ಅಣ್ಣ, ಮೇಷ್ಟ್ರು, ‘ಕಸ್ತೂರಿ ನಿವಾಸ’ದ ನಂಬಿಗಸ್ತ ಮುದುಕ. 2010ರ ಜನವರಿಯಲ್ಲಿ ತೀರಿಕೊಳ್ಳುವ ಹೊತ್ತಿಗೆ ಅವರ ಚಿತ್ರಗಳು ಮುನ್ನೂರು ದಾಟಿದ್ದವು. ರಾಜಕುಮಾರ್ ಹುಟ್ಟಿದ್ದು 1929ರಲ್ಲಿ. ಬರೀ ನಾಲ್ಕು ವರ್ಷಕ್ಕೆ ದೊಡ್ಡವರಾದ ಅಶ್ವಥ್ ತಲೆ ನರೆಸಿಕೊಂಡು ಅವರಿಗೆ ತಂದೆಯಾದರು, ನಾವೂ ನಂಬಿದೆವು.

ಇದನ್ನು ದೊಡ್ಡ ತ್ಯಾಗವೆಂದು ಹೊಗಳುವ ಮುಂಚೆ ಲೀಲಾವತಿಯವರನ್ನು ನೆನೆಯಬೇಕು. 1960ರ ‘ರಾಣಿ ಹೊನ್ನಮ್ಮ’ದಲ್ಲಿ ರಾಜಕುಮಾರರ ನಾಯಕಿ ಅವರು. ವಯಸ್ಸಿನಲ್ಲಿ ಅವರಿಗಿಂತ ಚಿಕ್ಕವರು. ಮುಂದೆ ಅವರಿಗೇ ತಾಯಿಯ ಪಾತ್ರ ಮಾಡಿದರು. ನಾಯಕ ಮಾತ್ರ ನಾಯಕನಾಗಿಯೇ ಇದ್ದರು. ಹೆಂಗಸಿಗೆ ವಯಸ್ಸಾಗುವ ಲೆಕ್ಕವೇ ಬೇರೆ, ಅದು ಸಿನಿಮಾದವರಿಗಷ್ಟೇ ಗೊತ್ತಿರುವ ಗುಟ್ಟೂ ಅಲ್ಲ.

ಆದರೆ ನನ್ನನ್ನು ಕಾಡುವುದು ಅನ್ಯಾಯದ ಈ ಲೆಕ್ಕಕ್ಕಿಂತ ಇನ್ನೊಂದು. ಪಕ್ಕದಲ್ಲಿ ನಿಂತವರನ್ನು ಹೊಗಳುತ್ತಾ ಅವರಿಗೆ ಹೊಣೆಯೇ ಇಲ್ಲವೆಂಬಂತೆ ಮಾಡಿಬಿಡುತ್ತೇವಲ್ಲ, ಅದು. ಪುಟ್ಟಣ್ಣ ಕಣಗಾಲರ ‘ನಾಗರಹಾವು’ (1972) ನೋಡಿ. ಚಾಮಯ್ಯ ಮೇಷ್ಟ್ರಾಗಿ ಅಶ್ವಥ್, ಹೆಂಡತಿ ತುಂಗಮ್ಮನಾಗಿ ಲೀಲಾವತಿ. ಯಾರ ಮಾತಿಗೂ ಬಗ್ಗದ ರಾಮಾಚಾರಿ ಮೇಷ್ಟ್ರ ಒಂದು ಮಾತಿಗೆ ಬಗ್ಗುತ್ತಾನೆ. ಆ ಒಂದು ಮಾತಿನಿಂದಲೇ ಅಲಮೇಲುವನ್ನು ಬಿಟ್ಟುಕೊಡುತ್ತಾನೆ. ತ್ಯಾಗ ಕೇಳಿದ್ದು ರಾಮಾಚಾರಿಯನ್ನು, ಬೆಲೆ ತೆತ್ತವಳು ಅಲಮೇಲು. ಅವಳ ಬಾಳು ಎಲ್ಲಿಗೆ ಹೋಗಿ ನಿಂತಿತೆಂದು ಚಿತ್ರ ನೋಡಿದವರಿಗೆಲ್ಲ ಗೊತ್ತು.

ಮೇಷ್ಟ್ರು ಕೆಟ್ಟವರೇ? ಖಂಡಿತ ಅಲ್ಲ. ಅಶ್ವಥ್ ಅವರ ಆ ಮೆದುದನಿ, ಆ ಒದ್ದೆ ಕಣ್ಣು ನೋಡಿದರೆ ನಾವೂ ಅವರು ಹೇಳಿದಂತೆ ಕೇಳುತ್ತಿದ್ದೆವು. ಅಪಾಯ ಇರುವುದು ಅಲ್ಲೇ. ಕೆಟ್ಟವರ ಮಾತನ್ನು ಮೀರಬಹುದು, ಪ್ರೀತಿಸಿದವರ ಮಾತನ್ನು ಮೀರುವುದು ಹೇಗೆ?

ನಮ್ಮ ಕುಂಸಿಯಂಥ ಊರಿನಲ್ಲಿ ಇಂಥ ಕೆಲಸ ಹೆಚ್ಚಾಗಿ ಬೀಳುವುದು ಚಿಕ್ಕಮ್ಮನಿಗೆ, ಅತ್ತಿಗೆಗೆ, ಪಕ್ಕದ ಮನೆಯಾಕೆಗೆ. ಹೋದ ವರ್ಷ ನೆಂಟರ ಹುಡುಗಿಯೊಬ್ಬಳು ಪಿಯುಸಿ ಮುಗಿಸಿ, ಶಿವಮೊಗ್ಗಕ್ಕೆ ಹೋಗಿ ಡಿಗ್ರಿ ಓದುತ್ತೇನೆಂದು ಹಟ ಹಿಡಿದಳು. ಸುಮಾರು 25 ಕಿಲೋಮೀಟರಿನ ದಾರಿ, ಬಸ್ಸಿದೆ, ತಾಳಗುಪ್ಪದ ಕಡೆಯ ರೈಲೂ ಇದೆ. ಮನೆಯವರಿಗೋ ಒಳ್ಳೆಯ ಸಂಬಂಧ ಕೈತಪ್ಪುವ ಭಯ. “ನಮ್ಮ ಮಾತಂತೂ ಕೇಳಲ್ಲ. ನಿನ್ನ ಕಂಡ್ರೆ ಅವಳಿಗೆ ಪ್ರಾಣ. ನೀನೊಂದು ಮಾತು ಹೇಳೇ,” ಎಂದು ದೊಡ್ಡಮ್ಮ ನನ್ನ ಕೈ ಹಿಡಿದುಕೊಂಡರು.

ಹೇಳಿದ್ದರೆ ಹುಡುಗಿ ಕೇಳುತ್ತಿದ್ದಳೇನೋ. ಆಮೇಲೆ ಏನಾದರೂ ಆದರೆ, “ನಂದೇನಿದೆ, ಹಿರಿಯರು ಹೇಳು ಅಂದ್ರು, ಹೇಳಿದೆ” ಎಂದು ನಾನು ಸೆರಗು ಝಾಡಿಸಿ ಏಳಬಹುದಿತ್ತು. ಬೇರೆಯವರ ತೀರ್ಮಾನವನ್ನು ನನ್ನ ಅಕ್ಕರೆಯಲ್ಲಿ ಸುತ್ತಿ ಕೊಡುವುದು ನನಗೆ ಸರಿಯೆನಿಸಲಿಲ್ಲ. “ಹೇಳೋದಿಲ್ಲ ದೊಡ್ಡಮ್ಮ, ಬೇಕಾದ್ರೆ ಅವಳಿಗೇನು ಬೇಕು ಅಂತ ಕೇಳಿಕೊಂಡು ಬರ್ತೀನಿ,” ಎಂದೆ. ದೊಡ್ಡಮ್ಮನಿಗೆ ಸಿಟ್ಟು ಬಂತು, ಹದಿನೈದು ದಿನ ನಮ್ಮನೆ ಕಡೆ ಸುಳಿಯಲಿಲ್ಲ.

ಮೊನ್ನೆ ಟೀವಿಯಲ್ಲಿ ‘ನಾಗರಹಾವು’ ಮತ್ತೆ ಬಂದಾಗ ನಾನು ನೋಡಿದ್ದು ತುಂಗಮ್ಮನನ್ನು. ಮೇಷ್ಟ್ರಷ್ಟೇ ಅವನನ್ನು ಪ್ರೀತಿಸಿದವಳು. ರಾಮಾಚಾರಿಗೆ ಬುದ್ಧಿ ಹೇಳಲು ಹೊರಡುವ ಮುಂಚೆ ಮೇಷ್ಟ್ರು ಒಳಗೆ ಬಂದು, “ಏನೇ, ನಿನಗೇನನ್ನಿಸುತ್ತೆ?” ಎಂದು ಕೇಳಿದ್ದರೆ ಆಕೆ ಏನೆನ್ನುತ್ತಿದ್ದಳು? ಪುಟ್ಟಣ್ಣನವರು ಆ ಒಂದು ದೃಶ್ಯ ತೆಗೆದಿದ್ದರೆ ಎಂದು ನನಗಿನ್ನೂ ಆಸೆ.