ತೋಳಿನಿಂದ ತೋಳಿಗೆ



ನಮ್ಮ ಮಠದ ದಾಸೋಹದ ಮನೆಯಲ್ಲಿ ರೊಟ್ಟಿ ಬಡಿಯುವ ಅಜ್ಜಿಯನ್ನು ನೀವೆಲ್ಲ ಬಲ್ಲಿರಿ. ಕಳೆದ ಅಮಾವಾಸ್ಯೆಯ ದಿನ ಆಕೆ ಹಿಟ್ಟು ನಾದುತ್ತಿದ್ದಾಗ ಸೆರಗು ಸರಿದು, ಎಡಗೈ ರಟ್ಟೆಯ ಮೇಲೆ ನಾಲ್ಕಾಣೆಯಗಲದ ಒಂದು ಕಲೆ ಕಂಡಿತು. ನಡುವೆ ತಗ್ಗು, ಸುತ್ತ ಸುಕ್ಕು. ಒಲೆಗೆ ಕಟ್ಟಿಗೆ ಒಟ್ಟುತ್ತಿದ್ದ ಹುಡುಗ, "ಅಜ್ಜಿ, ಸುಟ್ಕೊಂಡಿದ್ದೇನು?" ಎಂದ. "ಅಲ್ಲೋ ತಮ್ಮಾ, ದಾಕು ಹಾಕಿದ್ದು. ಅಮ್ಮ ಬರಬಾರದಂತ ಹಾಕತಿದ್ರು" ಅಂದಳು ಅಜ್ಜಿ. ಅಮ್ಮ ಬರುವುದೆಂದರೆ ಏನೆಂದು ಹುಡುಗನಿಗೆ ತಿಳಿಯಲಿಲ್ಲ. ಆ ತಿಳಿಯದಿರುವಿಕೆ ಎಂಥ ಭಾಗ್ಯ ಎಂಬುದೇ ಇಂದಿನ ನಮ್ಮ ಮಾತು.

ಅಮ್ಮ ಎಂದರೆ ಸಿಡುಬು. ಮೈ ಕೆಂಡದಂತೆ ಕಾದು, ಸೊಂಟ ಹಿಡಿದು, ಮೂರು ನಾಲ್ಕು ದಿನಕ್ಕೆ ಮುಖದ ಮೇಲೆ, ಅಂಗೈ ಅಂಗಾಲಿನ ಮೇಲೂ ಗುಳ್ಳೆ ಏಳುತ್ತಿತ್ತು. ದೊಡ್ಡ ಸಿಡುಬು ಬಂದ ಹತ್ತು ಮಂದಿಯಲ್ಲಿ ಮೂವರು ಸಾಯುತ್ತಿದ್ದರು. ಉಳಿದವರಲ್ಲಿ ಎಷ್ಟೋ ಜನರ ಕಣ್ಣು ಹೋಗುತ್ತಿತ್ತು. 20ನೆಯ ಶತಮಾನ ಒಂದರಲ್ಲೇ ಸುಮಾರು 30 ಕೋಟಿ ಜನ ಇದರಿಂದ ಸತ್ತರೆಂದು ಅಂದಾಜು. ಬಾಗಿಲಿಗೆ ಬೇವು ಕಟ್ಟಿ, ಒಗ್ಗರಣೆ ನಿಲ್ಲಿಸಿ, ಮನೆಯವರೆಲ್ಲ ದನಿ ತಗ್ಗಿಸಿ ಮಾತನಾಡುತ್ತಿದ್ದ ದಿನಗಳವು. ಅದನ್ನು ಮೌಢ್ಯವೆಂದು ತಳ್ಳಿಹಾಕಲು ನಮಗೆ ಮನಸ್ಸು ಬಾರದು. ಬೇರೆ ಯಾವ ಆಸರೆಯೂ ಇಲ್ಲದ ತಾಯಿ, ಮಗುವನ್ನು ಸುಡುತ್ತಿದ್ದ ಬೇನೆಯನ್ನೇ ಅಮ್ಮಾ ಎಂದು ಕರೆದು, ತಣ್ಣಗಾಗು ಎಂದು ಬೇಡಿಕೊಂಡಳು. ಅಂಥ ಮೊರೆಯನ್ನು ಹೇಗೆ ಹಳಿಯುವುದು?

ಆ ಮೊರೆಗೆ ಮರುದನಿ ಬಂದದ್ದು ಇಂಗ್ಲೆಂಡಿನ ಒಂದು ಹಳ್ಳಿಯ ದನದ ಕೊಟ್ಟಿಗೆಯಿಂದ. ಹಾಲು ಕರೆಯುವ ಹೆಣ್ಣುಮಗಳ ಕೈಗೆ ಹಸುವಿನಿಂದ ಗುಳ್ಳೆ ಹತ್ತಿತ್ತು. 1796ರಲ್ಲಿ ಎಡ್ವರ್ಡ್ ಜೆನ್ನರ್ ಎಂಬ ವೈದ್ಯ ಆ ಗುಳ್ಳೆಯ ರಸವನ್ನು ತೋಟಗಾರನ ಎಂಟು ವರ್ಷದ ಮಗನ ತೋಳಿಗೆ ಹಚ್ಚಿದ. ಮುಂದೆ ಸಿಡುಬು ಆ ಹುಡುಗನಿಗೆ ತಾಗಲಿಲ್ಲ. ಅಜ್ಜಿ ಹೇಳಿದ ದಾಕು ಹುಟ್ಟಿದ್ದು ಹೀಗೆ.

ಆದರೆ ಆ ರಸವನ್ನು ದೂರದ ಊರಿಗೆ ಒಯ್ಯುವುದು ಹೇಗೆ? ಮಂಜಿನ ಪೆಟ್ಟಿಗೆ ಇಲ್ಲ, ವಿದ್ಯುತ್ತಿಲ್ಲ. ಬಿಸಿಲಿಗೆ, ದಿನ ಕಳೆದಂತೆ ಅದರ ಸತ್ವ ಹೋಗುತ್ತಿತ್ತು. ಉಳಿದದ್ದು ಒಂದೇ ಪಾತ್ರೆ, ಮನುಷ್ಯರ ಮೈ. 1803ರಲ್ಲಿ ಸ್ಪೇನಿನಿಂದ ಬಾಲ್ಮಿಸ್ ಎಂಬ ವೈದ್ಯನ ಹಡಗು ಅಮೆರಿಕದ ಕಡೆ ಹೊರಟಾಗ ಅದರಲ್ಲಿ 22 ಹುಡುಗರಿದ್ದರು, ಬಹುತೇಕ ಎಲ್ಲರೂ ಅನಾಥರು. ಇಬ್ಬರು ಹುಡುಗರ ತೋಳಿಗೆ ಹಚ್ಚುವುದು. ಒಂಬತ್ತು ಹತ್ತು ದಿನಕ್ಕೆ ಗುಳ್ಳೆ ಹಣ್ಣಾದಾಗ ಅದರ ರಸ ತೆಗೆದು ಇನ್ನಿಬ್ಬರಿಗೆ ಹಚ್ಚುವುದು. ಹೀಗೆ ದೀಪದಿಂದ ದೀಪ ಹಚ್ಚಿದಂತೆ ಸಮುದ್ರ ದಾಟಿದರು. ಕೆರೆದುಕೊಂಡು ಗುಳ್ಳೆ ಒಡೆದೀತೆಂದು ಹಗಲೂ ಇರುಳೂ ಕಾಯಬೇಕು. ಕಾದವಳು ಇಸಬೆಲ್ ಜೆಂಡಾಲ್ ಎಂಬ ತಾಯಿ. ಅವಳ ಸ್ವಂತ ಮಗನೂ ಆ ಮಕ್ಕಳೊಳಗೆ ಒಬ್ಬ.

ನಮ್ಮ ನಾಡಿಗೂ ಅದು ಬಂದದ್ದು ಹಾಗೆಯೇ, ಬಾಗ್ದಾದು, ಬಸ್ರಾ ದಾಟಿ, ತೋಳಿನಿಂದ ತೋಳಿಗೆ. 1802ರ ಜೂನ್ 14ರಂದು ಮುಂಬಯಿಯಲ್ಲಿ ಆನಾ ಡಸ್ಟ್‌ಹಾಲ್ ಎಂಬ ಮೂರು ವರ್ಷದ ಕೂಸಿಗೆ ಅದನ್ನು ಹಚ್ಚಿದರು. ಆ ಕೂಸಿನ ತೋಳಿನಿಂದ ಬೇರೆ ಮಕ್ಕಳಿಗೆ, ಅವರಿಂದ ಮತ್ತೆ ಬೇರೆ ಊರುಗಳಿಗೆ ಹೋಯಿತು.

ಬಂಧುಗಳೇ, ಇಲ್ಲಿ ಒಂದು ಗಳಿಗೆ ನಿಲ್ಲಬೇಕು. ಹಡಗಿನ ಆ ಮಕ್ಕಳನ್ನು ಯಾರೂ ಕೇಳಲಿಲ್ಲ. ಹೇಳಿಕೊಳ್ಳುವವರಿಲ್ಲದ ಮಕ್ಕಳೆಂದೇ ಅವರನ್ನು ಆರಿಸಿದರು. ಅದನ್ನು ಮುಚ್ಚಿಟ್ಟು ಜಯಜಯಕಾರ ಮಾಡುವುದು ತಪ್ಪಾದೀತು. ದಾಸೋಹವೆಂದರೆ ಇದ್ದವರು ಇಲ್ಲದವರಿಗೆ ನೀಡುವುದು ಎಂದುಕೊಂಡಿದ್ದೇವೆ. ಇಲ್ಲಿ ಏನೂ ಇಲ್ಲದ ಮಕ್ಕಳೇ ಜಗತ್ತಿಗೆ ನೀಡಿದರು. ಅವರಲ್ಲಿ ಬಹಳ ಮಂದಿಯ ಹೆಸರೂ ನಮ್ಮ ನಾಲಗೆಯ ಮೇಲಿಲ್ಲ. ಅಜ್ಜಿಯ ರಟ್ಟೆಯ ಮೇಲಿನ ಕಲೆ ಆ ಋಣದ ಮುದ್ರೆ.

ಇನ್ನೊಬ್ಬನನ್ನು ನೆನೆಯಬೇಕು, ಸೊಮಾಲಿಯ ದೇಶದ ಮೆರ್ಕಾ ಊರಿನ ಅಲಿ ಮಾವ್ ಮಾಲಿನ್. ಆಸ್ಪತ್ರೆಯಲ್ಲಿ ಅಡುಗೆ ಅವನ ಕಾಯಕ. ನೋವಾದೀತೆಂದು ಹೆದರಿ ದಾಕು ಹಾಕಿಸಿಕೊಂಡಿರಲಿಲ್ಲ. 1977ರ ಅಕ್ಟೋಬರಿನಲ್ಲಿ ಸಿಡುಬಿನ ಇಬ್ಬರು ಮಕ್ಕಳನ್ನು ಕರೆತಂದ ಗಾಡಿಯವನು ದಾರಿ ಕೇಳಿದ. ಇವನು ಹತ್ತಿ ಕುಳಿತು ದಾರಿ ತೋರಿಸಿದ. ಕೆಲವೇ ನಿಮಿಷದ ಆ ಉಪಕಾರದಲ್ಲಿ ಸಿಡುಬು ಅಂಟಿತು. ಆ ಇಬ್ಬರಲ್ಲಿ ಆರು ವರ್ಷದ ಹುಡುಗಿ ತೀರಿಕೊಂಡಳು. ಮಾಲಿನ್ ಬದುಕಿದ. ಅವನ ಹತ್ತಿರ ಸುಳಿದವರನ್ನೆಲ್ಲ ಹುಡುಕಿ ಹುಡುಕಿ ದಾಕು ಹಾಕಿದರು. ಅವನಿಂದ ಮತ್ತೊಬ್ಬರಿಗೆ ಹರಡಲಿಲ್ಲ. ಸಾವಿರಾರು ವರ್ಷ ಮೈಯಿಂದ ಮೈಗೆ ಹರಿದು ಬಂದ ಬೇನೆ ಆ ಅಡುಗೆಯವನ ಮೈಯಲ್ಲಿ ಬಂದು ನಿಂತಿತು. 1980ರ ಮೇ ತಿಂಗಳಲ್ಲಿ ಲೋಕ ಸಿಡುಬಿನಿಂದ ಮುಕ್ತವಾಯಿತೆಂದು ಸಾರಿದರು.

ಮಾಲಿನ್ ತನ್ನ ಹೆದರಿಕೆಯನ್ನು ಬಚ್ಚಿಡಲಿಲ್ಲ. ಮುಂದೆ ಪೋಲಿಯೊ ಹನಿ ಹಾಕುವವರ ಜೊತೆ ಸೇರಿ ಊರೂರು ತಿರುಗಿದ. ಬೇಡ ಎನ್ನುವ ತಾಯಂದಿರ ಎದುರು ಕುಳಿತು, ತಾನು ಹೆದರಿ ಏನು ಅನುಭವಿಸಿದೆ ಎಂಬುದನ್ನೇ ಹೇಳುತ್ತಿದ್ದ. 2013ರಲ್ಲಿ ಅದೇ ಸೇವೆಯಲ್ಲಿದ್ದಾಗ ಮಲೇರಿಯಾ ಬಂದು ಲಿಂಗೈಕ್ಯನಾದ. ಅನ್ಯಧರ್ಮದವನಿಗೆ ಆ ಮಾತು ಬಳಸಬಹುದೇ ಎಂದು ಯಾರಾದರೂ ಕೇಳಿದರೆ, ನಮಗೆ ಅದಕ್ಕಿಂತ ಹತ್ತಿರದ ಮಾತು ಬೇರೆ ಗೊತ್ತಿಲ್ಲ.

ಈಗ ನಮ್ಮೂರ ಮಾತು. ದಡಾರ, ನೀವು ಗೊಬ್ಬರ ಅನ್ನುತ್ತೀರಲ್ಲ, ಇನ್ನೂ ಹೋಗಿಲ್ಲ. ಚುಚ್ಚುಮದ್ದು ಇಲ್ಲದ ಕಡೆ ಒಂದು ಮಗುವಿನಿಂದ ಹನ್ನೆರಡು ಹದಿನೆಂಟು ಮಂದಿಗೆ ಹತ್ತುವ ಬೇನೆ ಅದು. ಒಂಬತ್ತು ತಿಂಗಳಿಗೆ ಒಂದು ಸಲ, ಒಂದೂವರೆ ವರ್ಷದ ಹೊತ್ತಿಗೆ ಇನ್ನೊಂದು ಸಲ ಹಾಕಿಸಬೇಕು. ಕಳೆದ ಸಾರಿ ಆಶಾ ತಂಗಿ ಬಾಗಿಲು ತಟ್ಟಿದಾಗ ಮೂರು ನಾಲ್ಕು ಮನೆಯವರು ಮಗು ಊರಲ್ಲಿಲ್ಲ ಎಂದರಂತೆ. ಅವರನ್ನು ನಾವು ಗದರುವುದಿಲ್ಲ. ಮಾಲಿನ್ ಕೂಡ ಹೆದರಿದ್ದ. ಬರುವ ಗುರುವಾರ ಬೆಳಿಗ್ಗೆ ಮಠದ ಅಂಗಳದಲ್ಲೇ ಚುಚ್ಚುಮದ್ದು ಹಾಕುತ್ತಾರೆ. ಅಂದು ರೊಟ್ಟಿ ಬಡಿಯುವ ಕೆಲಸವನ್ನು ಬೇರೆಯವರಿಗೆ ಒಪ್ಪಿಸಿ ತಾನು ಅಂಗಳಕ್ಕೆ ಬರುವೆನೆಂದು ಅಜ್ಜಿ ಆಗಲೇ ಹೇಳಿದ್ದಾಳೆ. "ಅಜ್ಜಾರ, ಕೂಸುಗಳನ್ನ ನನ್ನ ತೊಡಿ ಮ್ಯಾಲೆ ಕುಂದರಸ್ರಿ. ಅಳತಾವು, ಅಳಲಿ. ನಾ ಹಿಡಕೋತೀನಿ" ಅಂದಳು.